ಬೆಟ್ಟವಿಲ್ಲದ ಊರಿನ ಟೀಚರಮ್ಮ

ಟೀಚರಮ್ಮ ಹೋದರಂತೆ. ಹೋದ ತಿಂಗಳು ಅವರ ತಮ್ಮನ ಮಗಳು ಎದುರುಮನೆಯಿಂದ ರಸ್ತೆ ದಾಟಿ ಬಂದು ಹೇಳಿದಳು. ತಿರುಚಿಯಲ್ಲಿ ಮಧ್ಯಾಹ್ನ ಊಟ ಮಾಡಿ ಮಲಗಿದವರು ಏಳಲಿಲ್ಲವಂತೆ. ಒಳ್ಳೆಯ ಸಾವು. ಅಳುವಂಥದ್ದೇನೂ ಇಲ್ಲ, ನಾನು ಅಳಲೂ ಇಲ್ಲ. ಅವರ ಕಪ್ಪು ಕೊಡೆ ಇನ್ನೂ ನಮ್ಮ ಗ್ಯಾರೇಜಿನಲ್ಲಿದೆ. ಇನ್ನು ಕೇಳುವವರಿಲ್ಲವಲ್ಲ, ನಾನೇ ಇಟ್ಟುಕೊಳ್ಳುತ್ತೇನೆ.

ಅವರ ಹೆಸರು ಬರೆಯುವುದಿಲ್ಲ. ಮರೆತು ಅಲ್ಲ. ಯಾಕೆಂದು ಮುಂದೆ ಬರುತ್ತದೆ.

ನಾನು ಓದಿದ್ದು ನಾಲ್ಕನೇ ಕ್ಲಾಸು. ತಮಿಳು ಓದಲು ಬರುವುದಿಲ್ಲ, ಕೇಳಿದರೆ ತಿಳಿಯುತ್ತದೆ, ಬೈಯಲು ಚೆನ್ನಾಗಿ ಬರುತ್ತದೆ. ಬಂಗಾರಪೇಟೆಯಲ್ಲಿ ನಮ್ಮ ವಠಾರದ ನಲ್ಲಿ ಹತ್ತಿರ ಎಲ್ಲರೂ ತಮಿಳಿನವರೇ. ಟೀಚರಮ್ಮ ಮೂವತ್ತನಾಲ್ಕು ವರ್ಷ ಹೆಣ್ಣುಮಕ್ಕಳ ಹೈಸ್ಕೂಲಿನಲ್ಲಿ ತಮಿಳು ಪಾಠ ಹೇಳಿದವರು. ಅವರದು ಪುಸ್ತಕದ ತಮಿಳು, ನನ್ನದು ನಲ್ಲಿಯ ತಮಿಳು. ಎರಡೂ ಸೇರಿ, ಅಮೆರಿಕದ ಟೆಕ್ಸಸ್ಸಿನಲ್ಲಿ ನನ್ನ ಮಗಳ ಮನೆಯಿರುವ ಫುಲ್‌ಶೀರ್‌ನಲ್ಲಿ ನಾಲ್ಕು ವರ್ಷ ಮಾತಾಡಿದವು. ಆ ಮಾತನ್ನೆಲ್ಲ ಇಲ್ಲಿ ಕನ್ನಡದಲ್ಲೇ ಬರೆದಿದ್ದೇನೆ.

ಮೊದಲು ನೋಡಿದ್ದು ಎರಡು ಸಾವಿರದ ಹದಿಮೂರೋ ಹದಿನಾಲ್ಕೋ, ಜುಲೈ ತಿಂಗಳು. ನಾಯಿ ಕೂಡ ಹೊರಗೆ ಬಾರದ ಬಿಸಿಲಿನಲ್ಲಿ ಒಬ್ಬ ಹೆಂಗಸು ರೇಷ್ಮೆ ಸೀರೆ, ಬಿಳಿ ಸ್ನೀಕರ್ಸ್, ಕಪ್ಪು ಕೊಡೆ ಹಿಡಿದು ರಸ್ತೆಯಲ್ಲಿ ಹೋಗುತ್ತಿದ್ದರು. ಎರಡು ಕಾರು ನಿಂತು ವಿಚಾರಿಸಿದವು. ಮೂರನೆಯದು ಪೊಲೀಸಿನವನದು. ಅವನು ಕಿಟಕಿ ಇಳಿಸಿ ಎಲ್ಲಿಗೆ ಬಿಡಲಿ ಎಂದು ಕೇಳಿದ. ಇವರು ಒಂದು ಬೆರಳೆತ್ತಿ ದೊಡ್ಡ ದನಿಯಲ್ಲಿ ಇಂಗ್ಲಿಷಿನಲ್ಲಿ, "ಇಲ್ಲಿ ಬೆಟ್ಟ ಎಲ್ಲಿದೆ?" ಎಂದರು. ಅವನು ಸುತ್ತ ನೋಡಿದ. ಸುತ್ತ ಏನಿದೆ, ರೊಟ್ಟಿ ಹಂಚಿನ ಹಾಗೆ ಚಪ್ಪಟೆ ನೆಲ. ನಾನು ನಮ್ಮ ಬಾಗಿಲಿನಿಂದ ತಮಿಳಿನಲ್ಲಿ ಕೂಗಿದೆ, "ಅಮ್ಮಾ, ಒಳಗೆ ಬನ್ನಿ, ಜೈಲಿಗೆ ಹೋಗ್ತೀರಿ." ಬಂದರು. ಮಜ್ಜಿಗೆ ಕುಡಿದರು. ಉಪ್ಪು ಕಡಮೆ ಎಂದರು.

ಬೆಟ್ಟ ಯಾಕೆ ಬೇಕಿತ್ತೆಂದರೆ ಪ್ರೀತಿಗೆ. ಇವರಿಗಲ್ಲ. ಇವರು ಮದುವೆಯಾಗದ ಹೆಂಗಸು, ವಯಸ್ಸು ಎಪ್ಪತ್ತೊಂದು. ಆದರೆ ತಲೆಯೊಳಗೆ ಬೇರೆ ಏನೂ ಇರಲಿಲ್ಲ. ಎರಡು ಸಾವಿರ ವರ್ಷದ ಹಿಂದೆ ತಮಿಳಿನವರು ಪ್ರೀತಿಯ ಹಾಡು ಕಟ್ಟಿ, ಅದಕ್ಕೆ ಜಾಗ ಗೊತ್ತು ಮಾಡಿಟ್ಟಿದ್ದರಂತೆ. ಹುಡುಗ ಹುಡುಗಿ ಕದ್ದು ಸೇರುವುದು ಬೆಟ್ಟದ ಸೀಮೆಯಲ್ಲಿ. ಗಂಡ ಬಂದೇ ಬರುತ್ತಾನೆ ಎಂದು ಹೆಂಡತಿ ನೆಮ್ಮದಿಯಿಂದ ಕಾಯುವುದು ಕಾಡಿನ ಸೀಮೆಯಲ್ಲಿ. ಭತ್ತದ ಗದ್ದೆ ಬಂತೆಂದರೆ ಗಂಡ ಇನ್ನೊಬ್ಬಳ ಮನೆಗೆ ಹೋಗಿ ಬಂದಿದ್ದಾನೆ, ಹೆಂಡತಿ ಕದ ಹಾಕಿಕೊಂಡಿದ್ದಾಳೆ. ಕಡಲ ತೀರವಾದರೆ ಹೋದವನು ತಿರುಗಿ ಬಂದಿಲ್ಲ, ಇವಳು ನೀರು ನೋಡುತ್ತ ಕೂತಿದ್ದಾಳೆ. ಮನೆ ಬಿಟ್ಟು ಇಬ್ಬರೂ ಓಡಿಹೋಗುವುದಕ್ಕೆ ಬೆಂಗಾಡು. "ಬೆಟ್ಟ ಅಂದರೆ ಸಾಕು ಅಕ್ಕಾ, ಕೇಳೋರಿಗೆ ಎಲ್ಲಾ ಗೊತ್ತಾಗುತ್ತೆ. ಬಾಯಿ ಬಿಟ್ಟು ಹೇಳಿದರೆ ಅದು ಹಾಡಲ್ಲ, ಪೊಲೀಸ್ ಕಂಪ್ಲೇಂಟು," ಎನ್ನುತ್ತಿದ್ದರು.

ನನಗಿದು ತಲೆಹರಟೆ ಅನ್ನಿಸಿತು. ಹಾಗೆಂದು ಹೇಳಿದೆ ಕೂಡ. ಅವರು ಬೇಸರ ಮಾಡಿಕೊಳ್ಳಲಿಲ್ಲ. ಬಾಯಲ್ಲಿದ್ದ ಲವಂಗವನ್ನು ಈ ಕಡೆ ಕೆನ್ನೆಯಿಂದ ಆ ಕಡೆ ಕೆನ್ನೆಗೆ ದಾಟಿಸಿದರು. ದಡ್ಡ ಹುಡುಗಿ ಸಿಕ್ಕಾಗ ಹಾಗೆ ಮಾಡುವುದು ಅವರ ಅಭ್ಯಾಸ.

ತೊಂದರೆ ಏನೆಂದರೆ ಅವರು ಟೆಕ್ಸಸ್ಸನ್ನೂ ಆ ಲೆಕ್ಕದಲ್ಲೇ ನೋಡುತ್ತಿದ್ದರು. ನಮ್ಮ ಮನೆಗಳಿರುವ ಜಾಗ ಮೊದಲು ಭತ್ತದ ಗದ್ದೆಯಾಗಿತ್ತು ಎಂದು ಯಾರೋ ಹೇಳಿಬಿಟ್ಟರು. ಆವತ್ತಿನಿಂದ ನನ್ನ ಅಳಿಯನ ಮೇಲೆ ಕಣ್ಣು.

"ಅಕ್ಕಾ, ನಿಮ್ಮ ಅಳಿಯ ಬುಧವಾರ ಸಂಜೆ ಎಲ್ಲಿಗೆ ಹೋಗ್ತಾರೆ?"

"ಬ್ಯಾಡ್ಮಿಂಟನ್ ಆಡೋಕೆ."

"ಹಾಗಂತ ಹೇಳ್ತಾರೆ."

ಅಷ್ಟಕ್ಕೇ ನನ್ನ ತಲೆಗೆ ಹುಳ ಹೊಕ್ಕಿತು. ಮುಂದಿನ ಬುಧವಾರ ನಾನೂ ಬರುತ್ತೇನೆಂದು ಕಾರಿನಲ್ಲಿ ಕೂತೆ. ಎರಡು ಗಂಟೆ ಅವನ ಆಟ ನೋಡಿದೆ. ಆ ಆಟ ನೋಡಿದ ಯಾವ ಹೆಂಗಸೂ ಅವನ ಹತ್ತಿರ ಸುಳಿಯುವ ಹಾಗಿರಲಿಲ್ಲ. ಬಂದು ವರದಿ ಕೊಟ್ಟೆ. ಟೀಚರಮ್ಮನಿಗೆ ಸ್ವಲ್ಪ ನಿರಾಸೆಯಾಯಿತು.

ನಮ್ಮ ಕಾಲೊನಿಯ ಕ್ಲಬ್‌ಹೌಸಿನಲ್ಲಿ ಶುಕ್ರವಾರ ಬೆಳಿಗ್ಗೆ ಅವರೊಂದು ಕ್ಲಾಸು ಶುರುಮಾಡಿದರು. ಮಕ್ಕಳ ಮನೆಯಲ್ಲಿರುವ ಎಂಟು ಮುದುಕಿಯರು ನಾವು. ತಮಿಳಿನವರು ನಾಲ್ವರು, ತೆಲುಗು ಇಬ್ಬರು, ನಾನು, ಒಬ್ಬರು ಗುಜರಾತಿ, ಅವರ ಭಾಷೆಯಲ್ಲಿ ಅಕ್ಕ ಎನ್ನುವ ಹಾಗೆ ಬೆನ್ ಎಂದು ಕರೆಯುತ್ತಿದ್ದೆವು. ಆ ಬೆನ್‌ಗೆ ಒಂದು ಮಾತೂ ತಿಳಿಯುತ್ತಿರಲಿಲ್ಲ, ಕಡಲೆಕಾಳು ಉಸಲಿಗೆ ಬರುತ್ತಿದ್ದರು. ನಾನು ಪಕ್ಕದಲ್ಲಿ ಕೂತು ಹರಕು ಹಿಂದಿಯಲ್ಲಿ ಕಥೆ ದಾಟಿಸುತ್ತಿದ್ದೆ.

ಒಂದು ದಿನ ಟೀಚರಮ್ಮ ತಾಳೆಗರಿ ಕುದುರೆಯ ವಿಷಯ ಹೇಳಿದರು. ಹುಡುಗಿ ಸಿಗದಿದ್ದರೆ ಹಾಡಿನ ಹುಡುಗ ತಾಳೆಮರದ ಗರಿಯಲ್ಲಿ ಕುದುರೆ ಮಾಡಿ, ಅದರ ಮೇಲೆ ಕೂತು, ಊರ ಬೀದಿಯಲ್ಲೆಲ್ಲ ಎಳೆಸಿಕೊಂಡು ಹೋಗುತ್ತೇನೆ ಎಂದು ಹೆದರಿಸುತ್ತಿದ್ದನಂತೆ. ಆ ಗರಿಯ ದಂಟಿಗೆ ಗರಗಸದ ಹಲ್ಲು. ಹುಡುಗಿಯ ಮನೆಯವರು ಮರ್ಯಾದೆಗಂಜಿ ಅವಳನ್ನು ಕೊಟ್ಟುಬಿಡಲಿ ಎಂದು.

"ಕೂತ್ಕೊಂಡ್ರೆ ಆಮೇಲೆ ಮದುವೆಯಾಗಿ ಏನು ಪ್ರಯೋಜನ?" ಎಂದೆ ನಾನು.

ತೆಲುಗಿನವರಿಬ್ಬರೂ ಸೆರಗು ಬಾಯಿಗಿಟ್ಟುಕೊಂಡರು. ಗುಜರಾತಿ ಬೆನ್‌ಗೆ ಇನ್ನೊಂದು ತಕರಾರು. "ಈ ಹುಡುಗನ ಹೆಸರೇನು? ತಿಂಗಳಿಂದ ಕೇಳ್ತಿದ್ದೀನಿ, ಹುಡುಗ, ಹುಡುಗ ಅಂತೀರಿ."

"ಹೆಸರಿಲ್ಲ," ಎಂದರು ಟೀಚರಮ್ಮ. "ಇವುಗಳಲ್ಲಿ ಯಾರಿಗೂ ಹೆಸರಿಲ್ಲ. ಹುಡುಗ, ಹುಡುಗಿ, ಗೆಳತಿ, ಸಾಕಿದವಳು, ಹೆತ್ತವಳು, ಅಷ್ಟೇ."

"ಹೆಸರಿಲ್ಲದೆ ಹೇಗೆ ಅಳೋದು?" ಎಂದು ಆ ಬೆನ್ ತಾವೇ ಅವನಿಗೆ ರಮೇಶ್ ಎಂದು ಹೆಸರಿಟ್ಟರು. ಮುಂದಿನ ಶುಕ್ರವಾರದ ಹೊತ್ತಿಗೆ ಎಲ್ಲರ ಬಾಯಲ್ಲೂ ರಮೇಶ್. ರಮೇಶ್ ಯಾಕೆ ಬರಲಿಲ್ಲ, ರಮೇಶನಿಗೆ ಬುದ್ಧಿಯಿಲ್ಲ. ಟೀಚರಮ್ಮ ಎರಡು ವಾರ ಕ್ಲಾಸು ನಿಲ್ಲಿಸಿಬಿಟ್ಟರು. ನಾನು ಸಮಾಧಾನ ಮಾಡಲು ಹೋದೆ.

"ಹೆಸರು ಹೇಳಿದರೆ ಅದು ಅವರಿಬ್ಬರ ಕಥೆ ಅಕ್ಕಾ. ಹೇಳದಿದ್ದರೆ ಕೇಳಿದೋರ ಕಥೆ. ಅದಕ್ಕೇ ಇನ್ನೂ ಉಳಿದಿದೆ."

ಆ ಮಾತು ಮಾತ್ರ ನನಗೆ ಸರಿ ಅನ್ನಿಸಿತು. ಅದಕ್ಕೇ ಇಲ್ಲಿ ಯಾರ ಹೆಸರೂ ಇಲ್ಲ.

ಈಗ ನನ್ನ ಮೊಮ್ಮಗಳ ವಿಷಯ. ಅವಳು ರಿಚರ್ಡ್‌ಸನ್‌ನಲ್ಲಿ ಓದುತ್ತಿದ್ದಳು. ಡಾಲಸ್ ಪಕ್ಕ, ನಮ್ಮಲ್ಲಿಗೆ ನಾಲ್ಕು ನಾಲ್ಕೂವರೆ ಗಂಟೆ ಡ್ರೈವ್. ಮೊದಲು ತಿಂಗಳಿಗೆರಡು ಸಲ ಮನೆಗೆ ಬರುತ್ತಿದ್ದಳು. ಆಮೇಲೆ ಬರುವುದು ನಿಂತು, ಶನಿವಾರ ಭಾನುವಾರ ಆಸ್ಟಿನ್‌ಗೆ ಹೋಗುವುದು ಶುರುವಾಯಿತು. ಪ್ರಾಜೆಕ್ಟ್ ಎಂದಳು. ನನ್ನ ಮಗಳು ಅಳಿಯ ಇಬ್ಬರೂ ನಂಬಿದರು. ನಾನು ಮಾತಿನ ಮಧ್ಯೆ ಟೀಚರಮ್ಮನಿಗೆ ಹೇಳಿದೆ. ಅವರು ಲವಂಗ ಅಗಿಯುವುದನ್ನು ನಿಲ್ಲಿಸಿದರು.

"ಆಸ್ಟಿನ್ ಕಡೆ ಗುಡ್ಡ ಇದೆಯಲ್ಲವಾ?"

"ಇದೆಯಂತೆ."

"ಮುಗೀತು."

ನಾನು ನಕ್ಕೆ. ಮೊಮ್ಮಗಳು ಮಾರ್ಚ್ ತಿಂಗಳ ರಜೆಗೆ ಬಂದಾಗ ಅವಳ ರೂಮಿಗೆ ಹೋಗಿ ನೆಟ್ಟಗೆ ಕೇಳಿದೆ, ಆಸ್ಟಿನ್‌ನಲ್ಲಿ ಯಾರಿದ್ದಾನೆ. ಅವಳ ಮುಖ ಬಿಳಿಚಿಕೊಂಡಿತು. "ಹೂ ಟೋಲ್ಡ್ ಯೂ, ಅಜ್ಜಿ?" ಎಂದಳು. ಭೂಗೋಳ ಹೇಳಿತು ಎಂದರೆ ಅವಳಿಗೇನು ತಿಳಿಯುತ್ತದೆ.

ಹುಡುಗನಿದ್ದ. ಕೆಲಸದಲ್ಲಿದ್ದ. ಯಾವ ಜಾತಿ, ಯಾವ ದೇಶ ಎಂದು ಇಲ್ಲಿ ಬರೆಯುವುದಿಲ್ಲ, ಹೇಳಿದರೆ ಕೆಲವರು ಓದುವುದು ಬಿಟ್ಟು ಅದನ್ನೇ ಹಿಡಿದುಕೊಳ್ಳುತ್ತಾರೆ. ಆದರೆ ಆ ರಜೆಯ ಕೊನೆಯ ಭಾನುವಾರಕ್ಕೆ ನನ್ನ ಮಗಳು ಡಾಲಸ್ಸಿನಿಂದ ಒಂದು ಸಂಬಂಧ ಕರೆಸಿದ್ದಳು. ಹುಡುಗ ಡಾಕ್ಟರು, ಧಾರವಾಡದ ಕಡೆಯವರು. ಬಂದು ನೋಡಿ, ಆವತ್ತೇ ಎಲೆ ಅಡಿಕೆ ಬದಲಾಯಿಸುವ ಮಾತಾಗಿತ್ತು. ನನ್ನ ಮಗಳು ಒಮ್ಮೆ ಮಾತು ಕೊಟ್ಟರೆ ದೇವರು ಬಂದರೂ ತಿರುಗಿ ತೆಗೆದುಕೊಳ್ಳುವವಳಲ್ಲ.

"ಯಾರೂ ಅಮ್ಮಂಗೆ ಹೇಳದೆ ಹೋದ್ರೆ ಐ ವಿಲ್ ಜಸ್ಟ್ ಗೋ. ಮಂಡೇ ಆಸ್ಟಿನ್‌ನಲ್ಲಿ ಮ್ಯಾರೇಜ್‌ಗೆ ಸೈನ್ ಮಾಡ್ತೀವಿ," ಎಂದಳು ಹುಡುಗಿ.

"ನೀನೇ ಹೇಳು."

"ಐ ಕಾಂಟ್. ಯೂ ಟೆಲ್ ಹರ್."

ನಾನು ಹೇಳುವ ಹಾಗಿರಲಿಲ್ಲ. ಹಿಂದೆ ನನ್ನ ಕಿರಿಯ ಮಗಳನ್ನು ನೋಡಲು ಬಂದವರ ಎದುರಿಗೆ, ಹುಡುಗ ಬಾಯಲ್ಲಿ ಉಸಿರಾಡುತ್ತಾನೆ, ಮೂಗು ಯಾರಿಗಾದರೂ ತೋರಿಸಿದ್ದೀರಾ ಎಂದು ಕೇಳಿದ್ದೆ. ಅವರು ಉಪ್ಪಿಟ್ಟು ಬಿಟ್ಟು ಎದ್ದುಹೋಗಿದ್ದರು. ಅಂದಿನಿಂದ ಮದುವೆ ವಿಷಯದಲ್ಲಿ ನನ್ನ ಬಾಯಿಗೆ ಬೀಗ. ನಾನು ಏನು ಹೇಳಿದರೂ ನನ್ನ ಮಗಳು ಅದರ ವಿರುದ್ಧವೇ ಮಾಡುತ್ತಾಳೆ.

ಟೀಚರಮ್ಮನ ಹತ್ತಿರ ಹೋದೆ. ಅವರಿಗೆ ಹಬ್ಬ. ಆ ಹಾಡುಗಳಲ್ಲಿ ಇದಕ್ಕೊಂದು ಪದ್ಧತಿಯೇ ಇದೆಯಂತೆ. ಹುಡುಗಿಯ ಗುಟ್ಟನ್ನು ಗೆಳತಿ ಸಾಕಿದವಳಿಗೆ ಸೂಚಿಸಬೇಕು, ಸಾಕಿದವಳು ಹೆತ್ತವಳಿಗೆ, ಹೆತ್ತವಳು ಗಂಡನಿಗೆ. ಯಾರೂ ನೇರವಾಗಿ ಹೇಳಬಾರದು.

"ನೀವು ಸಾಕಿದವಳು. ನಿಮ್ಮ ಮಗಳು ಹೆತ್ತವಳು. ನಾನು ಗೆಳತಿ."

"ಗೆಳತಿಗೆ ಮಂಡಿನೋವು," ಎಂದೆ.

ಅದಕ್ಕವರು ಕಿವಿಗೊಡಲಿಲ್ಲ. ಮೊಮ್ಮಗಳನ್ನು ಕೂರಿಸಿಕೊಂಡು, ಒಂದು ಬೆರಳೆತ್ತಿ, ಹುಡುಗ ನಿನ್ನನ್ನು ಆನೆಯಿಂದ ಕಾಪಾಡಿದನಾ ಎಂದು ಕೇಳಿದರು. ಇಲ್ಲ ಎಂದಳು. ಪ್ರವಾಹದಿಂದ? ಇಲ್ಲ. ಏನಾದರೂ ಮಾಡಿರಲೇಬೇಕಲ್ಲ, ಅದಿಲ್ಲದೆ ಸೂಚನೆ ಕೊಡುವುದು ಹೇಗೆ ಎಂದರು. ಮೊಮ್ಮಗಳು ಅವರನ್ನು ತಮಿಳಿನ ಅಜ್ಜಿ ಎಂದು ಪಾಟಿ ಎನ್ನುತ್ತಿದ್ದಳು. ಯೋಚನೆ ಮಾಡಿ, "ಒಂದ್ಸಲ ಗ್ಯಾಸ್ ಸ್ಟೇಷನ್‌ನಲ್ಲಿ ನನ್ನ ಕಾರ್ ಬ್ಯಾಟರಿ ಡೆಡ್ ಆಗಿತ್ತು, ಪಾಟಿ. ಹೀ ಗೇವ್ ಮಿ ಅ ಜಂಪ್‌ಸ್ಟಾರ್ಟ್. ಹಾಗೇ ಮೀಟ್ ಆಗಿದ್ದು," ಎಂದಳು. ಜಂಪ್‌ಸ್ಟಾರ್ಟ್ ಎಂದರೇನೆಂದು ನಾನು ವಿವರಿಸಿದೆ. ನಿಂತುಹೋದ ಕಾರಿಗೆ ತನ್ನ ಕಾರಿನಿಂದ ವೈರು ಕೊಟ್ಟು ಜೀವ ಬರಿಸುವುದು.

"ಆನೆಗಿಂತ ಇದೇ ಮೇಲು," ಎಂದರು ಟೀಚರಮ್ಮ.

ನನ್ನ ಮಗಳಿಗೆ ತಮಿಳು ಬರುವುದಿಲ್ಲ. ಟೀಚರಮ್ಮನ ಇಂಗ್ಲಿಷು ಬೆಟ್ಟ ಕೇಳುವಷ್ಟೇ. ಹಾಗಾಗಿ ನಾನು ನಡುವೆ ಕೂತು ಕನ್ನಡಕ್ಕೆ ಹೇಳಬೇಕು. ಅವರು ನನ್ನಿಂದ ಮಾತು ತೆಗೆದುಕೊಂಡರು. "ಅಕ್ಕಾ, ನೀವು ನನ್ನ ಬಾಯಿ. ನಿಮ್ಮ ಬಾಯಿ ಆಗಬಾರದು."

ಸೋಮವಾರ ಸಂಜೆ ಬಂದು ಸೋಫಾ ತುದಿಯಲ್ಲಿ ಕೂತರು. ನಿಮ್ಮ ಮಗಳ ಕೈಬಳೆ ಸಡಿಲವಾಗಿದೆ, ಹಣೆಯ ಕಾಂತಿ ಇಳಿದಿದೆ, ಬೆಟ್ಟದ ಕಡೆಯಿಂದ ಗಾಳಿ ಬಂದರೆ ನಿಟ್ಟುಸಿರು ಬಿಡುತ್ತಾಳೆ ಎಂದರು. ನಾನು ಒಂದಕ್ಷರ ಬಿಡದೆ ಹೇಳಿದೆ. ನನ್ನ ಮಗಳು ಆಸ್ಪತ್ರೆಯಲ್ಲಿ ಕೆಲಸ ಮಾಡುವವಳು. ಗಮನವಿಟ್ಟು ಕೇಳಿದಳು.

"ಥ್ಯಾಂಕ್ಸ್ ಆಂಟಿ. ನಾನೂ ನೋಟಿಸ್ ಮಾಡಿದ್ದೆ. ಥೈರಾಯ್ಡ್ ಇರಬೇಕು."

ಮಂಗಳವಾರ ಬೆಳಿಗ್ಗೆ ಹುಡುಗಿಯನ್ನು ಲ್ಯಾಬಿಗೆ ಕರೆದುಕೊಂಡು ಹೋದಳು. ಬುಧವಾರ ದೇವಸ್ಥಾನದಲ್ಲಿ ಅರ್ಚನೆ. ನಾನು ತಲೆ ಮೇಲೆ ಕೈಹೊತ್ತು ಟೀಚರಮ್ಮನ ಮನೆಗೆ ಹೋದರೆ ಅವರ ಕಣ್ಣು ಹೊಳೆಯುತ್ತಿತ್ತು. ಹಾಡಿನಲ್ಲೂ ಹೀಗೇ ಆಗುತ್ತದಂತೆ. ಪ್ರೀತಿಗೆ ಮಗಳು ಬಡವಾದರೆ, ಯಾವುದೋ ದೇವರು ಮೈಮೇಲೆ ಬಂದಿದೆ ಎಂದು ತಾಯಿ ಪೂಜಾರಿ ಕರೆಸಿ ಕುಣಿಸಿ ಆಡು ಕಡಿಸುತ್ತಾಳಂತೆ.

"ಲ್ಯಾಬಲ್ಲಿ ಎಷ್ಟು ರಕ್ತ ತಗೊಂಡರು?"

"ಮೂರು ಟ್ಯೂಬು."

"ನೋಡಿ, ರಕ್ತವೂ ಬಂತು. ಎರಡು ಸಾವಿರ ವರ್ಷದಲ್ಲಿ ಏನೂ ಬದಲಾಗಿಲ್ಲ ಅಕ್ಕಾ."

"ಭಾನುವಾರ ಎಲೆ ಅಡಿಕೆ ಬದಲಾದರೆ ಎಲ್ಲಾ ಬದಲಾಗುತ್ತೆ," ಎಂದೆ. ನನಗೆ ಸಿಟ್ಟು ಬಂದಿತ್ತು. ಅವರು ಲವಂಗ ದಾಟಿಸಿದರು.

ಭಾನುವಾರ ಬಂತು. ಧಾರವಾಡದವರು ಹನ್ನೊಂದೂವರೆಗೆ ಬರುವವರು. ಹತ್ತು ಗಂಟೆಗೆ ನನ್ನ ಮಗಳು ಅಡುಗೆಮನೆಯಲ್ಲಿ ಕೇಸರಿಬಾತಿಗೆ ರವೆ ಹುರಿಯುತ್ತಿದ್ದಳು. ಹುಡುಗಿ ಮೇಲೆ ರೂಮಿನಲ್ಲಿ ಬಾಗಿಲು ಹಾಕಿಕೊಂಡು, ಸೀರೆಯ ಬದಲು ಬ್ಯಾಗು ತುಂಬುತ್ತಿದ್ದಳು, ನಾನೇ ನೋಡಿ ಬಂದಿದ್ದೆ. ಟೀಚರಮ್ಮ ಹಿಂಬಾಗಿಲಿನಿಂದ ಬಂದರು, ರೇಷ್ಮೆ ಸೀರೆ, ಸ್ನೀಕರ್ಸು. ಒಲೆ ಪಕ್ಕ ನಿಂತು ಶುರುಮಾಡಿದರು. ಬೆಟ್ಟದ ಮೇಲೆ ಜೇನುಗೂಡು, ಕೆಳಗೆ ಜಲಪಾತ, ನವಣೆಯ ಹೊಲದಲ್ಲಿ ಗಿಳಿ ಓಡಿಸುವ ಹುಡುಗಿ, ದಾರಿ ಮಧ್ಯೆ ನಿಂತುಹೋದ ರಥ, ಅದರ ಕುದುರೆಗೆ ತನ್ನ ಕುದುರೆಯ ಉಸಿರು ಕೊಟ್ಟ ಅಪರಿಚಿತ. ಜಂಪ್‌ಸ್ಟಾರ್ಟನ್ನು ಅಷ್ಟು ಚೆನ್ನಾಗಿ ಯಾರೂ ಹೇಳಿರಲಾರರು. ಐದು ನಿಮಿಷ ಹೇಳಿದರು, ಕಣ್ಣು ಮುಚ್ಚಿಕೊಂಡು.

"ಏನಂತಾರಮ್ಮ ಆಂಟಿ? ಬೇಗ ಹೇಳು, ರವೆ ಸೀದುಹೋಗುತ್ತೆ," ಎಂದಳು ಮಗಳು.

ನಾನು ಹೇಳಿದೆ. "ನಿನ್ನ ಮಗಳಿಗೆ ಆಸ್ಟಿನ್‌ನಲ್ಲಿ ಒಬ್ಬ ಹುಡುಗ ಇದ್ದಾನೆ. ಇವತ್ತು ಎಲೆ ಅಡಿಕೆ ಬದಲಾಯಿಸಿದರೆ ನಾಳೆ ಅವನ ಜೊತೆ ಓಡಿಹೋಗ್ತಾಳೆ."

ರವೆ ಸೀದುಹೋಯಿತು.

ಟೀಚರಮ್ಮನಿಗೆ ಕನ್ನಡ ಅಷ್ಟಿಷ್ಟು ತಿಳಿಯುತ್ತಿತ್ತು. ಕಣ್ಣು ತೆರೆದು ನನ್ನನ್ನು ನೋಡಿದರು. "ಅಷ್ಟು ದೊಡ್ಡದು ಇಷ್ಟು ಚಿಕ್ಕದಾಗಿ ಬಂತಾ ಅಕ್ಕಾ?"

ನನ್ನ ಮಗಳು ಒಲೆ ಆರಿಸಿದಳು. ಮೊದಲು ಬಂದದ್ದು ನನ್ನ ಮೇಲೆಯೇ. "ನೀನು ಬಾಯಿ ತೆಗೆದ್ರೆ ಮನೆ ಮುರಿಯುತ್ತೆ. ಅವರು ಅರ್ಧ ದಾರಿ ಮೇಲೆ ಬಂದಿದ್ದಾರೆ. ಎಲ್ಲರಿಗೂ ಗೊತ್ತು, ನನಗೊಬ್ಬಳಿಗೇ ಗೊತ್ತಿಲ್ಲ. ನಾನೇನು ಈ ಮನೇಲಿ ಕೆಲಸದೋಳಾ?" ಇನ್ನೂ ಏನೇನೋ ಅಂದಳು. ಮೆಟ್ಟಿಲ ಕಡೆ ತಿರುಗಿದಳು. ಆ ಮುಖ ಹೊತ್ತು ಮೇಲೆ ಹೋಗಿದ್ದರೆ ಹುಡುಗಿ ಸೋಮವಾರದವರೆಗೂ ಕಾಯುತ್ತಿರಲಿಲ್ಲ, ಆಗಲೇ ಹೊರಟುಬಿಡುತ್ತಿದ್ದಳು.

ಟೀಚರಮ್ಮ ಅವಳ ಮುಂಗೈ ಹಿಡಿದರು. ಬೆರಳೆತ್ತಲಿಲ್ಲ. ಹರಕುಮುರುಕು ಕನ್ನಡದಲ್ಲಿ, ನನ್ನ ಸಹಾಯವಿಲ್ಲದೆ ಹೇಳಿದರು.

"ಹಾಡಲ್ಲಿ ತಾಯಿ ಇದ್ದಾಳೆ ಅಮ್ಮ. ಅವಳಿಗೆ ಯಾರೂ ಹೇಳಲ್ಲ. ಬೆಳಿಗ್ಗೆ ಎದ್ದು ನೋಡ್ತಾಳೆ, ಹಾಸಿಗೆ ಖಾಲಿ. ಆಮೇಲೆ ರೋಡಲ್ಲಿ ಬರೋರನ್ನೆಲ್ಲ ಕೇಳ್ತಾಳೆ, ನನ್ನ ಮಗಳನ್ನ ನೋಡಿದ್ರಾ, ಊಟ ಮಾಡಿದ್ಲಾ, ಬಿಸಿಲಲ್ಲಿ ಕಾಲು ಸುಟ್ಟಿತಾ ಅಂತ. ನಿನಗೆ ಹೇಳಿದಾರೆ. ಹಾಸಿಗೆ ಖಾಲಿ ಆಗಿಲ್ಲ. ನೀನು ರೋಡಲ್ಲಿ ಕೇಳೋದು ಬೇಡ."

ನನ್ನ ಮಗಳು ಅಡುಗೆಮನೆಯ ನೆಲದ ಮೇಲೆ ಕೂತುಬಿಟ್ಟಳು. ಕೇಳಿದ್ದು ಒಂದೇ. "ಅವಳು ಬ್ಯಾಗ್ ಪ್ಯಾಕ್ ಮಾಡಿದಾಳಾ?"

"ಅರ್ಧ," ಎಂದೆ.

ಎದ್ದು ಮುಖ ತೊಳೆದು ಮೇಲೆ ಹೋದಳು. ಅಲ್ಲಿ ಏನು ಮಾತಾಯಿತೋ ನನಗೆ ಗೊತ್ತಿಲ್ಲ, ಬಾಗಿಲಿಗೆ ಕಿವಿ ಕೊಟ್ಟರೂ ಎಲ್ಲ ಇಂಗ್ಲಿಷಿನಲ್ಲಿತ್ತು. ಕೆಳಗೆ ಬಂದವಳು ಧಾರವಾಡದವರಿಗೆ ಫೋನ್ ಮಾಡಿ ಕ್ಷಮೆ ಕೇಳಿದಳು. ಮಾತುಕತೆ ಬೇಡ, ಆದರೆ ಇಷ್ಟು ದೂರ ಬಂದಿದ್ದೀರಿ, ಊಟ ಮಾಡದೆ ಹೋಗಬೇಡಿ ಎಂದಳು. ಅವರು ದೊಡ್ಡ ಜನ, ಬಂದರು. "ಇರಲಿ ಬಿಡ್ರಿ, ಮೊದಲ ಗೊತ್ತಾತಲ್ಲ, ಛಲೋ ಆತು," ಎಂದರು ಹುಡುಗನ ತಾಯಿ. ಹುಡುಗನಂತೂ ಜೈಲಿನಿಂದ ಬಿಟ್ಟವನ ಹಾಗೆ ಮೂರು ಸಲ ಅನ್ನ ಹಾಕಿಸಿಕೊಂಡ. ಅವನಿಗೂ ಯಾವುದೋ ಗುಡ್ಡವಿತ್ತು ಎಂದು ಟೀಚರಮ್ಮನ ಅನುಮಾನ.

ಮದುವೆ ಮುಂದಿನ ವರ್ಷ ಆಸ್ಟಿನ್‌ನಲ್ಲೇ ಆಯಿತು. ನಮಗೆ ಹತ್ತಿರದ ಸ್ಟಾಫರ್ಡ್ ಕಡೆ ಮದುವೆ ಹಾಲ್ ಸುಲಭಕ್ಕೆ ಸಿಗುತ್ತಿತ್ತು. ಟೀಚರಮ್ಮ ಗುಡ್ಡದ ಮೇಲೆಯೇ ಆಗಬೇಕೆಂದು ಹಟ ಹಿಡಿದರು. ಅವರ ಮಾತನ್ನು ನನ್ನ ಮಗಳು ತೆಗೆದುಹಾಕುತ್ತಿರಲಿಲ್ಲ, ನನ್ನದಾದರೆ ತೆಗೆದುಹಾಕುತ್ತಿದ್ದಳು. ಗುಜರಾತಿ ಬೆನ್ ಮದುಮಗನನ್ನು ರಮೇಶ್ ಎಂದೇ ಕರೆದು ಆಶೀರ್ವಾದ ಮಾಡಿದರು. ರಮೇಶ್ ಯಾರೆಂದು ತಿಳಿಯದೆ ಅವನು ತಿರುಗಿ ತಿರುಗಿ ನೋಡಿದ.

ಅದಾಗಿ ಎರಡು ವರ್ಷಕ್ಕೆ, ಇಲ್ಲಿಯ ಚಳಿಗೂ ಎ.ಸಿ.ಗೂ ಮೈ ಒಗ್ಗುವುದಿಲ್ಲ ಎಂದು ಟೀಚರಮ್ಮ ಊರಿಗೆ ಹೊರಟರು. ಹೋಗುವ ಮುಂಚಿನ ವಾರ ನನ್ನ ಮಗಳು ನಮ್ಮಿಬ್ಬರನ್ನು ಗ್ಯಾಲ್ವೆಸ್ಟನ್‌ಗೆ ಕರೆದುಕೊಂಡು ಹೋದಳು, ಸಮುದ್ರ ನೋಡಲು. ಹಿಂದೆಯೂ ಮೂರು ನಾಲ್ಕು ಸಲ ಹೋಗಿದ್ದೆವು. ಪ್ರತಿ ಸಲವೂ ಎಲ್ಲರೂ ಇಳಿದರೆ ಟೀಚರಮ್ಮ ಮಾತ್ರ ಕಾರಿನಲ್ಲೇ ಕೂರುತ್ತಿದ್ದರು. ಗಾಳಿ ಜಾಸ್ತಿ, ಕಿವಿ ನೋಯುತ್ತದೆ ಎನ್ನುತ್ತಿದ್ದರು. ಆವತ್ತೂ ಹಾಗೇ ಕೂತರು. ನನಗೂ ಮಂಡಿ ಹಿಡಿದಿತ್ತು, ಹಿಂದಿನ ಸೀಟಿನಲ್ಲಿ ಅವರ ಪಕ್ಕವೇ ಉಳಿದೆ. ಮಗಳು ಮುಂದೆ ಕೂತು ಫೋನು ನೋಡುತ್ತಿದ್ದಳು.

ಕೇಳಬೇಕೆಂದು ನಾಲ್ಕು ವರ್ಷದಿಂದ ಇತ್ತು. ಇನ್ನು ಸಿಗುವುದಿಲ್ಲವಲ್ಲ ಎಂದು ಕೇಳಿಯೇಬಿಟ್ಟೆ. "ಇಷ್ಟೆಲ್ಲಾ ಹೇಳ್ತೀರಲ್ಲ ಟೀಚರಮ್ಮ, ನಿಮಗೆ ಯಾರಾದರೂ ಇದ್ದರಾ?"

ಅವರು ಲವಂಗ ದಾಟಿಸಲಿಲ್ಲ. ಕಿಟಕಿಯ ಆಚೆ ನೀರು ನೋಡುತ್ತ ಇದ್ದರು.

"ಬೆಟ್ಟ, ಗದ್ದೆ, ಕಡಲು ಅಂತ ನಾಲ್ಕು ವರ್ಷ ಪಾಠ ಹೇಳಿದೆ ಅಕ್ಕಾ," ಎಂದರು. "ನಾನು ಇಲ್ಲಿ ಕಾರಿಂದ ಯಾಕೆ ಇಳಿಯಲ್ಲ ಅಂತ ಒಂದು ಸಲವೂ ನೀವು ಕೇಳಲಿಲ್ಲ."

ನಾನೂ ನೀರು ನೋಡಿದೆ. ಅಲೆ ಬರುತ್ತಿತ್ತು, ಹೋಗುತ್ತಿತ್ತು, ಬೇರೆ ಏನೂ ಬರಲಿಲ್ಲ.

"ಏನಂತಾರಮ್ಮ ಆಂಟಿ?" ಎಂದು ಮಗಳು ಮುಂದಿನ ಸೀಟಿನಿಂದ ಕೇಳಿದಳು.

"ಗಾಳಿ ಜಾಸ್ತಿಯಂತೆ," ಎಂದೆ.